ಕ್ಯಾಪ್ಟನ್ನನನ್ನು ಹೆಸರು ಹಿಡಿದು ಕರೆದ ವರ್ಷ

ನೌಬಾದ ದಾಟಿದರೆ ಊರು ಮುಗಿಯಿತು ಎಂದು ಬೀದರಿನವರು ಹೇಳುತ್ತಿದ್ದ ಕಾಲವದು. ಈಗ ಅಲ್ಲಿ ಬಡಾವಣೆಗಳ ಕಮಾನುಗಳೂ ಮದುವೆಯ ಸಭಾಂಗಣಗಳೂ ಸಾಲಾಗಿ ನಿಂತಿವೆ. ಆಗ ಇದ್ದುದು ಕೆಂಪು ಮಣ್ಣಿನ ಬಯಲು, ಬಯಲಿನ ನಡುವೆ ಸುಣ್ಣ ಬಳಿದ ಒಂದು ಉದ್ದನೆಯ ಗೋಡೆ, ಗೋಡೆಯ ಒಳಗೆ ನಮ್ಮ ಶಾಲೆ. ಮಕ್ಕಳನ್ನು ಸೈನ್ಯದ ಶಿಸ್ತಿನಲ್ಲಿ ಬೆಳೆಸಬೇಕೆಂದು ನಿವೃತ್ತ ಕರ್ನಲ್ ಒಬ್ಬರು ನಡೆಸುತ್ತಿದ್ದ ವಸತಿ ಶಾಲೆ ಅದು. ಬೆಳಿಗ್ಗೆ ತರಬೇತಿ ವಿಮಾನಗಳು ತಲೆಯ ಮೇಲೆ ಸುತ್ತು ಹಾಕತೊಡಗುವ ಮೊದಲೇ ನಮ್ಮ ಬೂಟುಗಳು ಹೊಳೆಯಬೇಕಿತ್ತು. ಬೂಟ್ ಪಾಲಿಶಿನ ವಾಸನೆಯೂ ಮೆಸ್ಸಿನ ಪೂರಿಯ ಎಣ್ಣೆಯ ಘಮವೂ ಒಟ್ಟಿಗೆ ಮೂಗಿಗೆ ಬಡಿದರೆ ಇಂದಿಗೂ ನನ್ನ ಬೆನ್ನು ತಾನಾಗಿಯೇ ನೆಟ್ಟಗಾಗುತ್ತದೆ.

ನಾನು ಔರಾದ ತಾಲ್ಲೂಕಿನ ಒಂದು ಸಣ್ಣ ಹಳ್ಳಿಯವನು. ನಮ್ಮದು ಕುರಿ ಸಾಕುವ ಮನೆತನ. ಜೊತೆಗೆ ಮಳೆಯನ್ನು ನಂಬಿದ ಸ್ವಲ್ಪ ಎರೆಹೊಲ. ನಮ್ಮ ಮನೆಯಲ್ಲಿ ಏಳನೆಯ ತರಗತಿಯನ್ನು ದಾಟಿದವರು ಯಾರೂ ಇರಲಿಲ್ಲ. ಪ್ರವೇಶ ಪರೀಕ್ಷೆಯಲ್ಲಿ ನನಗೆ ಉಚಿತ ಸೀಟು ಸಿಕ್ಕಾಗ ಅವ್ವ ನನ್ನ ಟ್ರಂಕಿನಲ್ಲಿ ರೊಟ್ಟಿಗೆ ನಂಜಿಕೊಳ್ಳುವ ಶೇಂಗಾ ಹಿಂಡಿಯ ಡಬ್ಬಿಯನ್ನಿಟ್ಟು ಹೇಳಿದ ಮಾತು ಒಂದೇ: "ದೊಡ್ಡವರ ಮುಂದ ಬಾಯಿ ಮಾಡಬ್ಯಾಡ ಮಾಳಪ್ಪಾ. ಸುಮ್ಮ ಇದ್ದಂವಗ ಯಾರೂ ಏನೂ ಅನ್ನಂಗಿಲ್ಲ."

ಆ ಮಾತನ್ನು ಪಾಲಿಸುವುದಕ್ಕೆ ಶಾಲೆಯೇ ಹೇಳಿ ಮಾಡಿಸಿದಂತಿತ್ತು. ಆವರಣದಲ್ಲಿ ಹಿಂದಿ ಅಥವಾ ಇಂಗ್ಲಿಷ್ ಮಾತ್ರ ಆಡಬೇಕೆಂಬ ನಿಯಮವಿತ್ತು. ಎರಡರಲ್ಲಿಯೂ ತಪ್ಪಿಲ್ಲದ ವಾಕ್ಯವನ್ನು ಕಟ್ಟಲು ನನಗೆ ಬರುತ್ತಿರಲಿಲ್ಲ. ಅದಕ್ಕಿಂತ ದೊಡ್ಡದು ಸೀನಿಯರ್‌ಗಳ ಪದ್ಧತಿ. ಒಂದು ತರಗತಿ ಮೇಲಿನವನೂ ನಮಗೆ 'ಸರ್'. ಅವನು ಕೇಳದೆ ನಾವು ಮಾತನಾಡುವಂತಿರಲಿಲ್ಲ, ಅವನ ಮುಂದೆ ನಡೆಯುವಂತಿರಲಿಲ್ಲ. ಈ ಪದ್ಧತಿ ಫುಟ್‌ಬಾಲ್ ಮೈದಾನಕ್ಕೂ ಇಳಿದಿತ್ತು. ಜೂನಿಯರ್‌ನ ಕಾಲಿಗೆ ಚೆಂಡು ಸಿಕ್ಕರೆ ಅವನು ಹತ್ತಿರದ ಸೀನಿಯರ್ ಎಲ್ಲಿದ್ದಾನೆಂದು ಹುಡುಕಿ, ಮಂಗಳಾರತಿ ತಟ್ಟೆಯನ್ನು ಹಿಡಿದವನಂತೆ ಅದನ್ನು ಅವನಿಗೆ ಒಪ್ಪಿಸುತ್ತಿದ್ದ. ಸೀನಿಯರ್‌ನಿಂದ ಚೆಂಡನ್ನು ಕೇಳುವುದೆಂದರೆ ಅಪರಾಧ. ಹೀಗಾಗಿ ಹನ್ನೊಂದು ಜನ ಓಡುತ್ತಿದ್ದರೂ ನಮ್ಮ ಮೈದಾನ ಪರೀಕ್ಷೆಯ ಕೋಣೆಯಂತೆ ನಿಶ್ಶಬ್ದವಾಗಿರುತ್ತಿತ್ತು. ಎಲ್ಲ ಪಂದ್ಯಗಳನ್ನೂ ನಾವು ಬಹಳ ಶಿಸ್ತಿನಿಂದ ಸೋಲುತ್ತಿದ್ದೆವು.

ನಾನು ಒಂಬತ್ತನೆಯ ತರಗತಿಯಲ್ಲಿದ್ದಾಗ ಮಳೆಗಾಲದ ಕೊನೆಗೆ ಹೊಸ ಮುಖ್ಯ ಕೋಚ್ ಬಂದರು. ಹೆಸರು ದಿಗಂಬರರಾವ್. ಸೈನ್ಯದಲ್ಲಿ ಸುಬೇದಾರರಾಗಿ ನಿವೃತ್ತರಾದವರು, ತಮ್ಮ ಪಲ್ಟಣದ ತಂಡಕ್ಕೆ ಆಡಿದವರು. ಭಾಲ್ಕಿಯ ಕಡೆಯವರಾದ್ದರಿಂದ ಮನೆಯಲ್ಲಿ ಮರಾಠಿ, ಹೊರಗೆ ಕನ್ನಡ, ಸಿಟ್ಟಿಗೆ ಹಿಂದಿ. ಮೊದಲ ದಿನ ಅವರು ಸೀಟಿಯನ್ನು ಜೇಬಿನಲ್ಲಿಟ್ಟುಕೊಂಡು, ಕೈಕಟ್ಟಿ, ನಮ್ಮ ಆಟವನ್ನು ಕಡೆಯವರೆಗೂ ನೋಡಿದರು. ಆಮೇಲೆ ಎಲ್ಲರನ್ನೂ ಮಣ್ಣಿನಲ್ಲಿ ಕೂಡ್ರಿಸಿ ಕೇಳಿದರು:

"ಯಾರರ ತೀರಿಕೊಂಡಾರೇನೋ?"

ನಾವು ಮುಖಮುಖ ನೋಡಿಕೊಂಡೆವು.

"ಅಲ್ಲ, ಮಣ್ಣಿಗಿ ಬಂದವರಂಗ ಸುಮ್ಮ ಅಡ್ಡಾಡಲತ್ತೀರಿ, ಅದಕ್ಕ ಕೇಳಿದೆ."

ಬೀದರಿನ ಹಳೆಯ ಊರಿನವನಾದ ಇರ್ಫಾನ್, ನನ್ನ ತರಗತಿಯವನು, ನಕ್ಕುಬಿಟ್ಟ. ಸೀನಿಯರ್‌ಗಳ ಮುಂದೆ ನಕ್ಕದ್ದಕ್ಕೆ ಗಾಬರಿಯಾಗಿ ಬಾಯಿ ಮುಚ್ಚಿಕೊಂಡ. ಕೋಚ್ ಅವನತ್ತ ಬೆರಳು ತೋರಿಸಿ, "ಇವ ಒಬ್ಬ ಜೀವಂತ ಹಾನ. ಇವಗ ಮುಂದ ಆಡಸ್ತೇನಿ," ಎಂದರು.

ನನ್ನ ಸರದಿ ಬಂದಾಗ, ಮನೆಯಲ್ಲಿ ಏನು ಮಾಡುತ್ತೀ ಎಂದು ಕೇಳಿದರು. ಹಿಂದಿಯ ವಾಕ್ಯವನ್ನು ಹೊಂದಿಸಿಕೊಳ್ಳುತ್ತ ನಾನು ತಡವರಿಸಿದೆ.

"ಕನ್ನಡದಾಗ ಹೇಳು. ಮೈದಾನಿನ ಒಳಗ ನಾ ಕರ್ನಲ್ ಸಾಹೇಬರ ಪರವಾನಗಿ ತಗೊಂಡೀನಿ."

"ಕುರಿ ಕಾಯ್ತೇನ್ರಿ ಸರ್."

"ಹಂಗಾರ ಗೋಲಿನಾಗ ನಿಂದ್ರು. ಎಲ್ಲಾರ ಮ್ಯಾಲ ಒಮ್ಮೆಗೇ ಕಣ್ಣಿಡೋದು ನಿನಗ ಕಲಸಬೇಕಾಗಿಲ್ಲ." ನಂತರ ಸ್ವಲ್ಪ ಬಾಗಿ, ನನಗಷ್ಟೇ ಕೇಳುವಂತೆ ಹೇಳಿದರು: "ಆದ್ರ ಕಂಡದ್ದು ಹೇಳಬೇಕಪಾ. ಗೋಲ್‌ಕೀಪರನ ದನಿ ಇಲ್ಲದ ಟೀಮು ಕುರುಡ. ಕಡೀ ಮ್ಯಾಚು ಔರಾದಿನಾಗ ಅದ. ಅಷ್ಟರೊಳಗ ನಿನ್ನ ದನಿ ನನ್ನ ಕಿವಿಗಿ ಬೀಳಲಿಲ್ಲಂದ್ರ ನಿನ್ನ ಜಾಗಾದಾಗ ಆ ಕಡೆ ಕುಂತ ವಿನೋದಗ ನಿಂದ್ರಸ್ತೇನಿ."

ಔರಾದ! ಆ ವರ್ಷ ಬೀದರ, ಭಾಲ್ಕಿ, ಔರಾದಗಳ ತಂಡಗಳು ಒಬ್ಬರ ಊರಿಗೆ ಒಬ್ಬರು ಹೋಗಿ ಆಡುವ ಏರ್ಪಾಡಿತ್ತು. ನಾನು ಕೈಗವಸು ತೊಟ್ಟು ನಿಂತದ್ದನ್ನು ಅವ್ವ ನೋಡಲು ಸಾಧ್ಯವಿದ್ದ ಒಂದೇ ಊರು ಔರಾದ. ಹಳ್ಳಿಯಿಂದ ಅಲ್ಲಿಗೆ ಬಸ್ಸು ಬದಲಿಸದೆ ಬರಬಹುದಿತ್ತು. ಆ ರಾತ್ರಿಯಿಂದ ನನಗೆ ಬೇರೆ ಯಾವ ಆಸೆಯೂ ಇರಲಿಲ್ಲ: ಔರಾದಿನ ಗೋಲುಗಂಬಗಳ ನಡುವೆ ನಾನೇ ನಿಲ್ಲಬೇಕು, ಅವ್ವ ನೋಡಬೇಕು.

ಆದರೆ ದನಿ ಹೊರಡಲಿಲ್ಲ. ನನ್ನ ಮುಂದೆಯೇ ಹಿಂಬದಿಯನ್ನು ಕಾಯುತ್ತಿದ್ದವನು ನಮ್ಮ ಕ್ಯಾಪ್ಟನ್ ಅಭಿಜಿತ್. ಹನ್ನೆರಡನೆಯ ತರಗತಿ, ಬೀದರಿನ ವಕೀಲರೊಬ್ಬರ ಮಗ, ಪರೇಡಿನಲ್ಲಿ ಇಡೀ ಶಾಲೆಗೆ ಆಜ್ಞೆ ಕೊಡುತ್ತಿದ್ದವನು. ಚೆಂಡು ಬರುವುದು ಕಾಣುತ್ತಿತ್ತು. ಅಭಿಜಿತ್ ಸರ್ ಅದನ್ನು ಬಿಟ್ಟರೆ ನನ್ನ ಕೈಗೆ ಸುಲಭವಾಗಿ ಸಿಗುತ್ತದೆಂಬುದೂ ಕಾಣುತ್ತಿತ್ತು. 'ಸರ್, ಆಪ್ ಛೋಡ್ ದೀಜಿಯೇ' ಎಂಬ ವಾಕ್ಯವನ್ನು ಮನಸ್ಸಿನಲ್ಲಿ ಕಟ್ಟಿ, ಅದರಲ್ಲಿ ಗೌರವ ಸರಿಯಾಗಿದೆಯೇ ಎಂದು ಪರೀಕ್ಷಿಸಿ, ಬಾಯಿ ತೆರೆಯುವಷ್ಟರಲ್ಲಿ ಚೆಂಡು ಬಲೆಯಲ್ಲಿರುತ್ತಿತ್ತು.

"ಅರೇ ಮಾಳ್ಯಾ," ಎಂದು ಇರ್ಫಾನ್ ರೇಗಿಸುತ್ತಿದ್ದ, "ಅಲ್ಲಿ ನಿಂತು ತಹಶೀಲ್ದಾರಗ ಅರ್ಜಿ ಬರೀಲತ್ತೀಯೇನೋ?"

ಮೊದಲ ಪಂದ್ಯ ನಮ್ಮ ಮೈದಾನದಲ್ಲಿಯೇ, ಭಾಲ್ಕಿಯ ಹುಡುಗರೊಂದಿಗೆ. ಅವರ ಗಾಡಿ ದಾರಿಯಲ್ಲಿ ಕೆಟ್ಟು, ಆಟ ತಡವಾಗಿ ಆರಂಭವಾಯಿತು. ಸ್ವಲ್ಪ ಹೊತ್ತಿಗೇ ಒಂದು ಎತ್ತರದ ಚೆಂಡು ನಮ್ಮತ್ತ ಬಂತು. ಅಭಿಜಿತ್ ಸರ್ ಅದಕ್ಕೆ ಹಾರಿದರು, ನಾನೂ ಹಾರಿದೆ. ಇಬ್ಬರೂ ಡಿಕ್ಕಿ ಹೊಡೆದು ಬಿದ್ದೆವು. ಭಾಲ್ಕಿಯ ಒಬ್ಬ ಸಣ್ಣ ಹುಡುಗ ಬಂದು ಚೆಂಡನ್ನು ಮೆಲ್ಲಗೆ ಒಳಗೆ ತಳ್ಳಿದ.

ಎರಡನೆಯ ಗೋಲಿನ ಕಥೆಯನ್ನು ಭಾಲ್ಕಿಯಲ್ಲಿ ಇಂದಿಗೂ ಯಾರಾದರೂ ಹೇಳಿ ನಗುತ್ತಿರಬಹುದು. ನಮ್ಮ ಶಾಲೆಯಲ್ಲಿ ಸೂರ್ಯ ಮುಳುಗುವ ಹೊತ್ತಿಗೆ ಬ್ಯೂಗಲ್ ಊದಿ ಧ್ವಜವನ್ನು ಇಳಿಸುವ ಸಂಪ್ರದಾಯವಿತ್ತು. ಆ ದನಿ ಕೇಳಿದೊಡನೆ, ಯಾರು ಎಲ್ಲಿದ್ದರೂ, ಏನು ಮಾಡುತ್ತಿದ್ದರೂ, ಧ್ವಜದ ಕಡೆಗೆ ಮುಖಮಾಡಿ 'ಸಾವಧಾನ್' ಭಂಗಿಯಲ್ಲಿ ಅಲುಗಾಡದೆ ನಿಲ್ಲಬೇಕು. ಆಟ ತಡವಾಗಿದ್ದರಿಂದ ಬ್ಯೂಗಲ್ ಪಂದ್ಯದ ನಡುವೆಯೇ ಮೊಳಗಿತು. ನಮ್ಮ ಹನ್ನೊಂದು ಜನರೂ ನಿಂತಲ್ಲಿಯೇ ಕಂಬಗಳಾದರು. ಇರ್ಫಾನ್ ಚೆಂಡಿನೊಂದಿಗೆ ಓಡುತ್ತಿದ್ದವನು ಅದನ್ನು ಹಾಗೆಯೇ ಬಿಟ್ಟು ಹಿಮ್ಮಡಿಗಳನ್ನು ಜೋಡಿಸಿದ. ಗೆರೆಯ ಹೊರಗೆ ಕೋಚ್ ಸೆಲ್ಯೂಟ್ ಹೊಡೆದು ನಿಂತಿದ್ದರು.

ಭಾಲ್ಕಿಯ ಹುಡುಗರಿಗೆ ದಿಗಿಲಾಯಿತು.

"ಏನಾತೋ ಇವರಿಗಿ?"

"ಕರೆಂಟ್ ಹೋಗ್ಯಾದ ಕಾಣ್ತದ."

"ಸೀಟಿ ಊದಿಲ್ಲಲ್ಲ, ಹೊಡಿಯಲೇ ಹೊಡಿ!"

ಚೆಂಡು ಉರುಳುತ್ತ, ಅವಸರವೇನೂ ಇಲ್ಲದೆ, ನನ್ನ ಬೂಟಿನ ಪಕ್ಕದಿಂದ ಒಳಗೆ ಹೋಯಿತು. ಕಾಲನ್ನು ಒಂದು ಗೇಣು ಚಾಚಿದ್ದರೆ ಸಾಕಿತ್ತು. ನಾನು ಕಣ್ಣನ್ನಷ್ಟೇ ಹೊರಳಿಸಿ ಅದನ್ನು ಬೀಳ್ಕೊಟ್ಟೆ.

ಬ್ಯೂಗಲ್ ನಿಂತ ಮೇಲೆ ನಮ್ಮ ಸೀನಿಯರ್‌ಗಳು ರೆಫರಿಯನ್ನು ಮುತ್ತಿದರು. ಕೋಚ್ ನಡುವೆ ಬಂದು, "ಸೀಟಿ ಊದಿಲ್ಲ. ಗೋಲು ಗೋಲೇ," ಎಂದರು. ನಾವು ಎರಡು ಗೋಲುಗಳಿಂದ ಸೋತೆವು. ಕರ್ನಲ್ ಸಾಹೇಬರಂತೂ ಗೆದ್ದವರಿಗಿಂತ ಹೆಚ್ಚಾಗಿ ನಮ್ಮ ಬೆನ್ನು ತಟ್ಟಿದರು. ಎಲ್ಲರೂ ಹೋದ ಮೇಲೆ ಕೋಚ್ ನಮ್ಮನ್ನು ಗೋಲಿನ ಬಳಿ ಕೂಡ್ರಿಸಿಕೊಂಡರು. ಬೈಗುಳಕ್ಕಾಗಿ ತಲೆತಗ್ಗಿಸಿ ಕುಳಿತೆವು.

"ಎರಡನೇ ಗೋಲಿಗಿ ನಾ ಏನೂ ಅನ್ನಂಗಿಲ್ಲ. ನಾನೂ ನಿಂತಿದ್ದೆ, ನಾಳಿನೂ ನಿಂದ್ರತೇನಿ. ಅದು ನಮ್ಮ ಶಿಸ್ತು." ಅವರು ನನ್ನನ್ನೂ ಅಭಿಜಿತ್‌ನನ್ನೂ ನೋಡಿದರು. "ಮೊದಲನೇದು ಯಾಕಾತು? ಆವಾಗ ಯಾವ ಬ್ಯೂಗಲ್ ಊದಿತ್ತು? ಈ ಹುಡುಗ ಅಂಜಿ ಬಾಯಿ ಮುಚ್ಚಿಕೊಂಡ. ನೀವು ಅಂಜಿಸಿ ಇಟ್ಟೀರಿ. ಅದಕ್ಕ ಶಿಸ್ತು ಅಂತ ಹೆಸರಿಟ್ಟೀರಿ."

ಶಾಲೆಯಲ್ಲಿ ಈ ಮಾತನ್ನು ಆಡಿದ ಮೊದಲ ದೊಡ್ಡ ಮನುಷ್ಯರು ಅವರು. ಅಂದಿನಿಂದ ಒಂದು ಹೊಸ ನಿಯಮ ಬಂತು: ಸೀಟಿಯಿಂದ ಸೀಟಿಯವರೆಗೆ ಯಾರೂ ಯಾರಿಗೂ ಸರ್ ಅಲ್ಲ, ಮನೆಯಲ್ಲಿ ಅಣ್ಣತಮ್ಮಂದಿರನ್ನು ಹೇಗೆ ಕರೆಯುತ್ತೇವೆಯೋ ಹಾಗೆ ಕರೆಯಬೇಕು.

ಭಾನುವಾರಗಳಂದು ಅವರು ನಮ್ಮನ್ನು ಶಾಲೆಯ ಗಾಡಿಯಲ್ಲಿ ಅಷ್ಟೂರಿಗೆ ಕರೆದುಕೊಂಡು ಹೋಗುತ್ತಿದ್ದರು. ಸುಲ್ತಾನರ ಗೋರಿಗಳ ಗುಮ್ಮಟಗಳು ಬೆಳಗಿನ ಮಂಜಿನಲ್ಲಿ ತೇಲುತ್ತಿರುತ್ತಿದ್ದವು. ಪಕ್ಕದ ಹೊಲಗಳಲ್ಲಿ ಹಸಿ ಕಡಲೆಯ ಹುಳಿ ವಾಸನೆ. ತಂಡದವರನ್ನು ದೂರದೂರ ನಿಲ್ಲಿಸಿ, ನನ್ನನ್ನು ಒಂದು ಬದುವಿನ ಮೇಲೆ ಹತ್ತಿಸಿ, "ಒಬ್ಬೊಬ್ಬರಿಗಿ ಹೆಸರು ಹಿಡಿದು ಕರಿ," ಎನ್ನುತ್ತಿದ್ದರು. ಇರ್ಫಾನನ ಹೆಸರು ಸುಲಭವಾಗಿ ಬಂತು. ಅಭಿಜಿತ್‌ನ ಸರದಿಗೆ ಬಂದಾಗ ನನ್ನ ಬಾಯಿಂದ ಗಾಳಿ ಮಾತ್ರ ಹೊರಟಿತು. ಕಡಲೆ ಹೊಲದಲ್ಲಿ ಕಳೆ ಕೀಳುತ್ತಿದ್ದ ಮುದುಕಿಯೊಬ್ಬಳು ಸೊಂಟಕ್ಕೆ ಕೈಕೊಟ್ಟು ಎದ್ದು ನಿಂತಳು.

"ಯಾರ್ ತಪ್ಪಿಸಿಕೊಂಡಾರೋ ತಮ್ಮಾ?"

"ಯಾರೂ ಇಲ್ಲಬೇ," ಎಂದರು ಕೋಚ್, "ಇವನ ದನಿನೇ ತಪ್ಪಿಸಿಕೊಂಡದ, ಹುಡುಕಲತ್ತೀವಿ."

"ಹಂಗಾರ ಹಸಿ ಕಡಲಿ ತಿನ್ನಸರಿ. ಹೊಟ್ಟಿ ತುಂಬಿದ ಮ್ಯಾಲ ತಾನೇ ಬರ್ತದ." ಅವಳು ಕೊಟ್ಟ ಕಡಲೆಗಿಡಗಳನ್ನು ಸುಲಿದು ತಿನ್ನುತ್ತ ನಾವು ಗಾಡಿ ಬಿಟ್ಟು ಊರಿನವರೆಗೂ ಓಡಿದೆವು. ಬೆರಳುಗಳೆಲ್ಲ ಹುಳಿಯಾಗಿದ್ದವು. ಅಭಿಜಿತ್ ನನ್ನ ಪಕ್ಕದಲ್ಲಿಯೇ ಓಡುತ್ತಿದ್ದವನು ಮೆಲ್ಲಗೆ ಹೇಳಿದ: "ಮನ್ಯಾಗ ನನಗ ಅಭ್ಯಾ ಅಂತಾರ. ಅಭಿಜಿತ್ ಉದ್ದ ಆಗ್ತದ, ಅಭ್ಯಾ ಅನ್ನು."

ಅದಾದ ಮೂರು ನಾಲ್ಕು ದಿನಗಳಲ್ಲಿ, ಅಭ್ಯಾಸದ ಆಟದ ನಡುವೆ, ನನಗೇ ಗೊತ್ತಾಗದಂತೆ ಅದು ಹೊರಬಿತ್ತು. ಒಂದು ಚೆಂಡು ಗಾಳಿಯಲ್ಲಿ ತಿರುಗುತ್ತ ಬಂತು, ಅಭಿಜಿತ್ ಹಾರಲು ಅಣಿಯಾದ, ನಾನು ಕುರಿದೊಡ್ಡಿಯ ಬಾಗಿಲಲ್ಲಿ ಒದರುವಂತೆ ಒದರಿದೆ: "ಬಿಡೋ ಅಭ್ಯಾ! ನಂದು!" ಅವನು ತಲೆತಗ್ಗಿಸಿದ. ಚೆಂಡು ನನ್ನ ಎದೆಗೆ ಬಂದು ಬಿತ್ತು. ಕೋಚ್ ತಮ್ಮ ಟೋಪಿಯನ್ನು ಮೇಲಕ್ಕೆ ಎಸೆದರು.

ಸುದ್ದಿ ಮೆಸ್ಸಿಗೆ ನನಗಿಂತ ಮೊದಲೇ ತಲುಪಿತ್ತು. ತಂಡಕ್ಕೆ ಸೇರದ ಒಬ್ಬ ಸೀನಿಯರ್, ನಮ್ಮ ಹಾಸ್ಟೆಲಿನ ಮುಂದಾಳು, ನನ್ನನ್ನು ಸಾಲಿನಿಂದ ಹೊರಗೆ ಕರೆದ. ಸಿಟ್ಟಿನಲ್ಲಿ ಭಾಷೆಯ ನಿಯಮವನ್ನೂ ಮರೆತಿದ್ದ. "ಕ್ಯಾಪ್ಟನ್‌ಗೆ ಅಭ್ಯಾ ಅಂತೀಯೇನೋ, ಕುರುಬರ ಹುಡುಗಾ? ನಡಿ, ಮೈದಾನ ಸುತ್ತ ಕಪ್ಪೆ ಹಾಂಗ ಜಿಗಿ." ನಾನು ಕಿವಿ ಹಿಡಿದು ಜಿಗಿಯತೊಡಗಿದೆ. ಕೆಂಪು ಮಣ್ಣು ಬೆವರಿಗೆ ಅಂಟಿ, ಕಣ್ಣೀರಿಗೆ ಅಂಟಿ, ಮುಖವೆಲ್ಲ ಕೆಸರಾಯಿತು. ಅವ್ವನ ಮಾತನ್ನು ಮೀರಿದ್ದಕ್ಕೆ ಸರಿಯಾದುದೇ ಆಯಿತೆಂದುಕೊಂಡೆ. ವಿನೋದನೇ ಔರಾದಿನಲ್ಲಿ ನಿಲ್ಲಲಿ. ನಾನು ಮತ್ತೆ ಬಾಯಿ ತೆರೆಯುವುದಿಲ್ಲ ಎಂದು ನಿಶ್ಚಯಿಸಿದೆ.

ಆಗ ಪಕ್ಕದಲ್ಲಿ ಯಾರೋ ಧೊಪ್ಪೆಂದು ಜಿಗಿದ ಸದ್ದು ಕೇಳಿಸಿತು. ನೋಡಿದರೆ ಅಭಿಜಿತ್. ಇಸ್ತ್ರಿ ಮಾಡಿದ ಸಂಜೆಯ ಸಮವಸ್ತ್ರದಲ್ಲಿಯೇ, ಕಿವಿ ಹಿಡಿದುಕೊಂಡು.

ಮುಂದಾಳು ಓಡಿ ಬಂದ. "ಏ, ನೀ ಯಾಕ ಮಾಡಲತ್ತಿ?"

"ಇಂವ ಕರದಾನ, ನಾ ಓ ಅಂದೀನಿ. ತಪ್ಪಾಗಿದ್ರ ಇಬ್ಬರದೂ," ಎಂದ ಅಭಿಜಿತ್, ಜಿಗಿಯುವುದನ್ನು ನಿಲ್ಲಿಸದೆ. "ಮಾಳ್ಯಾ, ಉಸರು ಬಿಗಿ ಹಿಡಿಬ್ಯಾಡಲೇ. ಮೊಣಕಾಲು ಹೋಗ್ತಾವ."

ಶಾಲೆಯ ಕ್ಯಾಪ್ಟನ್ ಕಪ್ಪೆಯಂತೆ ಜಿಗಿಯುವುದನ್ನು ನೋಡಲು ಮೆಸ್ಸಿನ ಬಾಗಿಲು ತುಂಬ ಹುಡುಗರು ಸೇರಿದರು. ಮುಂದಾಳಿಗೆ ಏನು ಮಾಡಬೇಕೆಂದು ತೋಚಲಿಲ್ಲ. "ಸಾಕು, ಏಳ್ರಿ, ಏಳ್ರಿ," ಎಂದು ಅವನೇ ಕೈ ಹಿಡಿದು ಎಬ್ಬಿಸಿದ. ಆ ಹೊತ್ತಿಗೆ ತಣ್ಣಗಾಗಿದ್ದ ಬೇಳೆ ಅನ್ನವನ್ನು ನಾವಿಬ್ಬರೂ ಒಂದೇ ಬೆಂಚಿನಲ್ಲಿ ಕುಳಿತು ಉಂಡೆವು. ಜೂನಿಯರ್ ಸೀನಿಯರ್‌ನ ಬೆಂಚಿನಲ್ಲಿ ಕುಳಿತದ್ದನ್ನು ಆ ಮೊದಲು ನಾನು ಕಂಡಿರಲಿಲ್ಲ.

ಔರಾದಿಗೆ ಹೋದಾಗ ಎಳೆ ಜೋಳದ ತೆನೆ ಸುಟ್ಟು ಸೀತನಿ ತಿನ್ನುವ ಕಾಲ. ಮೈದಾನ ಮಾರುಕಟ್ಟೆಯ ಹಿಂದಿತ್ತು. ಗಾಳಿ ಬಂದರೆ ಹೊಸ ತೊಗರಿಯ ಧೂಳು ಮೂಗಿಗೆ ಹೊಡೆಯುತ್ತಿತ್ತು. ಕೆಂಪು ಮಣ್ಣಿಗೆ ಒಗ್ಗಿದ್ದ ನಮ್ಮ ಹುಡುಗರು ಅಲ್ಲಿಯ ಕಪ್ಪು ನೆಲವನ್ನು ಕಂಡು ಮುಖ ಸಿಂಡರಿಸಿದರು. ನನಗೆ ಮಾತ್ರ ಮನೆಯಂಗಳಕ್ಕೆ ಬಂದಂತಾಯಿತು. ಕೋಚ್ ಕೈಗವಸುಗಳನ್ನು ವಿನೋದನ ಮುಂದೆ ಹಾಯಿಸಿ ನನ್ನ ಕೈಗಿಟ್ಟರು. "ದನಿ ತಂದೀಯಿಲ್ಲೋ?" ಎಂದಷ್ಟೇ ಕೇಳಿದರು.

ಅವ್ವ ಗೋಲಿನ ಹಿಂದೆಯೇ, ಬೇವಿನ ಮರದ ನೆರಳಿನಲ್ಲಿ, ತಲೆಯ ಮೇಲೆ ಸೆರಗು ಹೊದ್ದು, ಮಡಿಲಲ್ಲಿ ರೊಟ್ಟಿಯ ಗಂಟು ಇಟ್ಟುಕೊಂಡು ಕುಳಿತಿದ್ದಳು. ಜೊತೆಗೆ ನನ್ನ ಸೋದರಮಾವ. ಆಟದ ನಿಯಮಗಳು ಅವರಿಬ್ಬರಿಗೂ ತಿಳಿಯದು. "ಎಲ್ಲಾರೂ ಓಡಲತ್ತಾರ, ನಮ್ಮಂವ ಒಬ್ಬನೇ ನಿಂತಾನಲ್ಲೋ. ಆರಾಮ ತಪ್ಪ್ಯಾದೇನು?" ಎಂದು ಅವ್ವ ಮಾವನನ್ನು ಕೇಳುತ್ತಿದ್ದುದು ನನಗೆ ಕೇಳಿಸುತ್ತಿತ್ತು. ಅವಳು ಅಷ್ಟು ಹತ್ತಿರದಲ್ಲಿದ್ದಳೆಂಬುದೇ ನನ್ನ ಕಷ್ಟವಾಯಿತು. ದೊಡ್ಡವರ ಮುಂದೆ ಬಾಯಿ ಮಾಡಬೇಡ ಎಂದವಳ ಕಣ್ಣೆದುರಿಗೇ ನಾನು ಬಾಯಿ ಮಾಡಬೇಕಿತ್ತು.

ಮೊದಲರ್ಧದಲ್ಲಿ ನಾನು ಸಣ್ಣ ದನಿಯಲ್ಲಿಯೇ ಕಳೆದೆ. ವಿರಾಮದ ನಂತರ ಇರ್ಫಾನ್ ಬಲಗಡೆಯಿಂದ ನುಗ್ಗಿ, ಯಾವ ಸೀನಿಯರ್‌ನನ್ನೂ ಹುಡುಕದೆ, ತಾನೇ ಒದ್ದು ಗೋಲು ಹೊಡೆದ. ಅಲ್ಲಿಂದ ಔರಾದಿನವರು ಅಲೆಯಲೆಯಾಗಿ ಮೇಲೆ ಬಿದ್ದರು. ಆಟ ಮುಗಿಯಲು ಸ್ವಲ್ಪವೇ ಉಳಿದಿರುವಾಗ ಒಂದು ಚೆಂಡು ಸೂರ್ಯನ ನೇರದಿಂದ ಇಳಿಯತೊಡಗಿತು. ಅಭಿಜಿತ್‌ನ ಕಣ್ಣಿಗೆ ಬಿಸಿಲು ಬಡಿಯುತ್ತಿತ್ತು. ಅವನು ಅಂದಾಜಿನ ಮೇಲೆ ಹಾರಲು ಮೊಣಕಾಲು ಬಾಗಿಸಿದ. ಅವನ ಹಿಂದೆ ಔರಾದಿನ ಎತ್ತರದ ಹುಡುಗನೊಬ್ಬ ಹೊಂಚು ಹಾಕಿದ್ದ. ಅಭಿಜಿತ್ ಮುಟ್ಟಿದರೆ ಚೆಂಡು ಆ ಹುಡುಗನ ಕಾಲಿಗೇ ಬೀಳುತ್ತಿತ್ತು. ಕೈಗವಸಿನಿಂದ ಬಿಸಿಲಿಗೆ ಮರೆ ಹಿಡಿದಿದ್ದ ನನಗೆ ಮಾತ್ರ ಎಲ್ಲವೂ ಕಾಣುತ್ತಿತ್ತು.

"ಅಭ್ಯಾ, ಬಿಡಲೇ! ನಂದು! ಕೂಡು!"

ಆ ದನಿ ಮಾರುಕಟ್ಟೆಯ ತಗಡಿನ ಛಾವಣಿಗೆ ಬಡಿದು ತಿರುಗಿ ಬಂತು. ಅಭಿಜಿತ್ ಹಿಂದೆ ನೋಡಲಿಲ್ಲ, ಯೋಚಿಸಲಿಲ್ಲ. ಕೂಡು ಎಂದೆ, ಕುಳಿತುಬಿಟ್ಟ. ಅವನ ತಲೆಯ ಮೇಲಿಂದ ನಾನು ಚೆಂಡನ್ನು ಎರಡೂ ಕೈಗಳಿಂದ ಬಾಚಿಕೊಂಡು ಕಪ್ಪು ನೆಲಕ್ಕೆ ಉರುಳಿದೆ. ಎದ್ದಾಗ ಸೀಟಿ ಊದುತ್ತಿತ್ತು. ನಾವು ಗೆದ್ದಿದ್ದೆವು.

ಎಲ್ಲರೂ ಕುಣಿಯುತ್ತಿರುವಾಗ ಅವ್ವ ನೇರವಾಗಿ ಮೈದಾನದ ಒಳಗೇ ನಡೆದು ಬಂದು ನನ್ನ ರಟ್ಟೆ ಹಿಡಿದಳು.

"ಯಾಕೋ, ಅಷ್ಟ್ ದೊಡ್ಡ ಹುಡುಗಗ ಹಂಗ ಒದರೋದೇನೋ? ಬಿಡಲೇ, ಕೂಡು ಅಂತಿ! ಅವರವ್ವ ಕೇಳಿದ್ರ ಏನಂದಾಳು?"

ಅಭಿಜಿತ್ ಬಾಗಿ ಅವಳ ಪಾದ ಮುಟ್ಟಿದ. "ಬೈಬ್ಯಾಡ್ರಿ ಅವ್ವಾ. ಇಂವ ಒದರ್ಯಾನ ಅಂತ ಗೆದ್ದೀವ್ರಿ."

ಅವ್ವ ಗಂಟು ಬಿಚ್ಚಿದಳು. ಸಜ್ಜೆಯ ರೊಟ್ಟಿ, ಪುಂಡಿಪಲ್ಯ, ಶೇಂಗಾ ಹಿಂಡಿ. ತಂಡದವರೆಲ್ಲರಿಗೂ ಕೋಚ್‌ಗೂ ರೊಟ್ಟಿ ಮುರಿದು ಕೊಡುತ್ತ, ಸಿಟ್ಟಿಳಿದ ದನಿಯಲ್ಲಿ ಮಾವನಿಗೆ ಹೇಳಿದಳು: "ಇವರಪ್ಪನ ದನಿನೇ ಅದ ನೋಡು. ಈ ಗುಡ್ಡದಿಂದ ಆ ಗುಡ್ಡಕ್ಕ ಕೇಳಸ್ತದ."

ದಿಗಂಬರರಾವ್ ಸರ್ ಆ ಒಂದು ಋತು ಮಾತ್ರ ನಮ್ಮೊಂದಿಗಿದ್ದರು. ಬೇಸಿಗೆ ರಜೆಯ ನಂತರ ಅವರು ಬರಲಿಲ್ಲ. ಮಹಾರಾಷ್ಟ್ರದ ಯಾವುದೋ ಶಾಲೆ ಕರೆಸಿಕೊಂಡಿತೆಂದು ಕೇಳಿದೆವು. ಅಭಿಜಿತ್ ಓದು ಮುಗಿಸಿ ಸೈನ್ಯಕ್ಕೆ ಸೇರಿದ. ಮೈದಾನದಲ್ಲಿ ಮತ್ತೆ ಎಲ್ಲರೂ ಎಲ್ಲರಿಗೂ ಸರ್ ಆದರು. ನಾನು ಮುಂದೆ ಪದವಿ ಪಡೆದೆ, ನಮ್ಮ ವಂಶದಲ್ಲಿ ಮೊದಲಿಗನಾಗಿ. ಇಂದು ಬೀದರಿನ ಒಂದು ಕಾಲೇಜಿನಲ್ಲಿ ಪಾಠ ಹೇಳುತ್ತೇನೆ. ನನಗೆ ದೊರೆತ ಈ ಬದುಕಿನ ಬಹುಪಾಲು ಆ ವರ್ಷ ದೊರೆತ ಧೈರ್ಯದಿಂದ ಬಂದುದೆಂದು ಕೃತಜ್ಞತೆಯಿಂದ ಒಪ್ಪುತ್ತೇನೆ. ಸಂದರ್ಶನದ ಕೋಣೆಗಳಲ್ಲಿ ಅಂಜಿಕೆಯಾದಾಗಲೆಲ್ಲ ತಗಡಿನ ಛಾವಣಿಗೆ ಬಡಿದು ಬಂದ ಆ ದನಿ ನನ್ನದೇ ಎಂದು ನೆನಪಿಸಿಕೊಂಡಿದ್ದೇನೆ.

ಆದರೂ ಆ ಧೈರ್ಯ ಎಲ್ಲ ಕಡೆಯೂ ನನ್ನ ಜೊತೆಗೆ ಬರುವುದಿಲ್ಲ. ವಿಭಾಗದ ಸಭೆಗಳಲ್ಲಿ ಏನೋ ತಪ್ಪು ನಡೆಯುತ್ತಿರುವುದು ನನಗೆ ಎಲ್ಲರಿಗಿಂತ ಮೊದಲೇ ಕಾಣುತ್ತದೆ. ವಾಕ್ಯವನ್ನು ಹೊಂದಿಸಿ, ತಿದ್ದಿ, ಯಾರಿಗೂ ನೋವಾಗದಂತೆ ಮಾಡಿಕೊಳ್ಳುವಷ್ಟರಲ್ಲಿ ಸಭೆ ಮುಂದಿನ ವಿಷಯಕ್ಕೆ ಹೋಗಿರುತ್ತದೆ. ಹೇಳಿದರೂ, ಹಿಂದೆ ತಿರುಗಿ ನೋಡದೆ, ನಂಬಿ ಕುಳಿತುಬಿಡುವವರು ಅಲ್ಲಿ ಯಾರಿದ್ದಾರೆ?

ಕಳೆದ ದೀಪಾವಳಿಗೆ ಅಭಿಜಿತ್ ಗಡಿಯ ಯಾವುದೋ ಠಾಣೆಯಿಂದ ಫೋನು ಮಾಡಿದ್ದರು. ಈಗ ದೊಡ್ಡ ಅಧಿಕಾರಿ. "ಏನೋ ಮಾಳ್ಯಾ, ಹ್ಯಾಂಗಿದ್ದಿ?" ಎಂದರು. "ಆರಾಮ ಅದೀನಿ ಸರ್, ನೀವು ಹ್ಯಾಂಗಿದ್ದೀರಿ?" ಎಂದೆ. ಆಚೆ ಕಡೆ ಅವರು ಹಳೆಯ ಹೆಸರಿಗಾಗಿ ಕಾಯುತ್ತಿದ್ದಾರೆಂದು ನನಗೆ ತಿಳಿಯಿತು. ನಾಲಿಗೆಯ ತುದಿಯವರೆಗೂ ಅದು ಬಂದಿತ್ತು. ನಾನು ಅವರ ಮಕ್ಕಳ ಓದಿನ ಬಗ್ಗೆ ವಿಚಾರಿಸಿದೆ.